ಸೂರ್ಯನಿಲ್ಲದ ಊರಿನಲ್ಲಿ ಹಿಮದ ನಡಿಗೆ

ಹಿಮ ಅಂದ ಕೂಡಲೆ ನಮ್ಮ ಚಿತ್ರರಸಿಕರ ಕಣ್ಣ ಮುಂದೆ ಬರುವುದು ಒಂದೇ ದೃಶ್ಯ. ನಾಯಕನಿಗೆ ಉಣ್ಣೆಯ ಸ್ವೆಟರು, ಕುತ್ತಿಗೆಗೆ ಮಫ್ಲರು, ಕೈಗೆ ಗ್ಲೌಸು. ನಾಯಕಿಗೆ ಮಾತ್ರ ಗಾಳಿಗೆ ಹಾರುವ ತೆಳ್ಳನೆಯ ಸೀರೆ! 1961ರ 'ಜಂಗ್ಲಿ' ಚಿತ್ರದಲ್ಲಿ ಶಮ್ಮಿ ಕಪೂರ್ ಹಿಮದ ಮೇಲೆ ಕೂಗುತ್ತಾ ಜಾರಿದ್ದೇ ಜಾರಿದ್ದು, ಅಂದಿನಿಂದ ಹಿಮ ಅಂದರೆ ಹಾಡು, ಹಿಮ ಅಂದರೆ ಉರುಳಾಟ. ಚಳಿ ಅನ್ನೋದು ನಾಯಕಿಯನ್ನು ಹತ್ತಿರಕ್ಕೆ ತರೋಕೆ ನಿರ್ದೇಶಕರು ಮಾಡಿಕೊಂಡ ಏರ್ಪಾಟು, ಅಷ್ಟೆ. ಹಾಲಿವುಡ್ಡಿನವರೇನು ಕಡಿಮೆಯೇ? ರಷ್ಯದ ಹಿಮ ಎಂದು ಜಗತ್ತೇ ಬಾಯಿ ಬಿಟ್ಟು ನೋಡಿದ 'ಡಾಕ್ಟರ್ ಜಿವಾಗೊ' (1965) ಚಿತ್ರದ ಬಹುಭಾಗ ತೆಗೆದದ್ದು ಸ್ಪೇನ್ ದೇಶದಲ್ಲಿ. ಹಿಮದ ಬದಲಿಗೆ ಅಮೃತಶಿಲೆಯ ಪುಡಿ ಚೆಲ್ಲಿದ್ದರಂತೆ!

ಇಂಥ ಹಿಮ ನೋಡಿ ಬೆಳೆದ ಕಣ್ಣಿಗೆ ಟ್ರೊಮ್ಸೊ ತೋರಿಸುವ ಹಿಮವೇ ಬೇರೆ.

ಎಲ್ಲಿದೆಯಪ್ಪಾ ಈ ಟ್ರೊಮ್ಸೊ ಅಂತೀರಾ? ನಾರ್ವೆ ದೇಶದ ಉತ್ತರದಲ್ಲಿ, ಆರ್ಕ್ಟಿಕ್ ವೃತ್ತವನ್ನು ದಾಟಿ ಇನ್ನೂ ಸುಮಾರು 350 ಕಿಲೋಮೀಟರ್ ಮೇಲೆ. ರಾಜಧಾನಿ ಓಸ್ಲೋದಿಂದ ವಿಮಾನದಲ್ಲಿ ಹತ್ತಿರ ಹತ್ತಿರ ಎರಡು ಗಂಟೆ. ಊರಿನ ನಡುಭಾಗ ಒಂದು ದ್ವೀಪದ ಮೇಲಿದೆ. ಆಚೆ ದಡಕ್ಕೆ 1960ರಲ್ಲಿ ಕಟ್ಟಿದ ಉದ್ದನೆಯ ಸೇತುವೆ. ಅದನ್ನು ದಾಟುತ್ತಿದ್ದಂತೆ 1965ರ ಬಿಳಿ ಚರ್ಚು, ಇಸ್ಪೀಟು ಎಲೆಗಳನ್ನು ಒಂದಕ್ಕೊಂದು ಒರಗಿಸಿಟ್ಟ ಹಾಗೆ ಕಾಣುತ್ತೆ. ಇಷ್ಟು ಉತ್ತರದಲ್ಲಿದ್ದರೂ ಬೆಚ್ಚನೆಯ ಸಮುದ್ರ ಪ್ರವಾಹದ ದಯೆಯಿಂದ ಬಂದರಿನ ನೀರು ಹೆಪ್ಪುಗಟ್ಟುವುದಿಲ್ಲ. ಜನವರಿಯಲ್ಲೂ ಸರಾಸರಿ ಚಳಿ ಸೊನ್ನೆಗಿಂತ ಮೂರು ನಾಲ್ಕು ಡಿಗ್ರಿ ಕೆಳಗೆ ಅಷ್ಟೇ. ಹಿಮಕ್ಕೆ ಮಾತ್ರ ಬರವಿಲ್ಲ. 1997ರ ಏಪ್ರಿಲ್‌ನಲ್ಲಿ ನೆಲದ ಮೇಲೆ 240 ಸೆಂಟಿಮೀಟರ್ ಹಿಮ ಕೂತಿತ್ತು. ಎತ್ತರದ ಆಳೂ ಒಳಗೆ ಮುಚ್ಚಿಹೋಗುವಷ್ಟು!

ಆದರೆ ಊರಿನ ನಿಜವಾದ ವಿಚಿತ್ರ ಸೂರ್ಯನದು. ನವೆಂಬರ್ 27ರ ಸುಮಾರಿಗೆ ಮುಳುಗಿದ ಆಸಾಮಿ ಜನವರಿ 15ರ ತನಕ ದಿಗಂತದ ಮೇಲೆ ತಲೆ ಎತ್ತುವುದಿಲ್ಲ. ಆಮೇಲೂ ಬೆಟ್ಟಗಳು ಅಡ್ಡ ಇರುವುದರಿಂದ ಊರಿನವರಿಗೆ ದರ್ಶನ ಸಿಗೋದು 21ರಂದು. ಆ ದಿನಕ್ಕೆ 'ಸೂರ್ಯನ ದಿನ' ಅಂತಲೇ ಹೆಸರು. ಎಣ್ಣೆಯಲ್ಲಿ ಕರಿದು ಒಳಗೆ ಜಾಮ್ ತುಂಬಿದ ದುಂಡನೆಯ ಬನ್ನು ತಿಂದು ಸಂಭ್ರಮಪಡುತ್ತಾರೆ. ಅಲ್ಲಿಯವರಿಗೆ ಅದೇ ಸಂಕ್ರಾಂತಿ ಅನ್ನಿ.

ನಾನು ಹೋದದ್ದು ಜನವರಿಯ ಮೂರನೇ ವಾರ. ಬರೀ ಹಿಮ ನೋಡೋಕಲ್ಲ ಸ್ವಾಮಿ, ಸಿನಿಮಾ ನೋಡೋಕೆ! 1991ರಿಂದ ಅಲ್ಲಿ ಜನವರಿಯಲ್ಲಿ ಅಂತರರಾಷ್ಟ್ರೀಯ ಚಿತ್ರೋತ್ಸವ ನಡೆಯುತ್ತಿದೆ. 1916ರಲ್ಲಿ ಬಾಗಿಲು ತೆರೆದ 'ವೆರ್ಡೆನ್ಸ್‌ತೆಯಾತ್ರೆ' ಎಂಬ ಚಿತ್ರಮಂದಿರ ಇಂದಿಗೂ ಚಿತ್ರ ತೋರಿಸುತ್ತಿದೆ. ನಮ್ಮೂರುಗಳಲ್ಲಿ ಟಾಕೀಸುಗಳು ಒಂದೊಂದಾಗಿ ಕಲ್ಯಾಣಮಂಟಪ, ಕಾಂಪ್ಲೆಕ್ಸು ಆಗಿದ್ದನ್ನು ಕಂಡವನಿಗೆ ಹೊಟ್ಟೆ ಉರಿಯದೆ ಇರುತ್ತದೆಯೆ? ಎರಡು ಚಿತ್ರಗಳ ನಡುವೆ ಒಂದು ಹಗಲು ಬಿಡುವಿತ್ತು. ಹಗಲು ಎಂದೆನೆ? ಇರಲಿ. ಆ ದಿನ ಮಾರ್ಗದರ್ಶಕರ ಜೊತೆ ಹಿಮದ ನಡಿಗೆಗೆ ಹೆಸರು ಕೊಟ್ಟೆ. ಸಾವಿರ ಕ್ರೋನರಿಗೂ ಮೇಲೆ ಬಿತ್ತು. ನಮ್ಮ ಲೆಕ್ಕದಲ್ಲಿ ಎಂಟು ಸಾವಿರ ರೂಪಾಯಿಗೂ ಹೆಚ್ಚು.

ಕಾಲಿಗೆ ಮೊರ ಕಟ್ಟಿಕೊಂಡು...

ಪಕ್ಕದ ಕ್ವಾಲೋಯಾ ದ್ವೀಪಕ್ಕೆ ವ್ಯಾನಿನಲ್ಲಿ ಕರೆದುಕೊಂಡು ಹೋದರು. ನಾವು ಎಂಟು ಮಂದಿ. ಅದರಲ್ಲೊಬ್ಬ ದಾವಣಗೆರೆಯ ಹುಡುಗ! ಸ್ವೀಡನ್ನಿನಲ್ಲಿ ಎಂಜಿನಿಯರಿಂಗ್ ಓದುತ್ತಿದ್ದಾನಂತೆ. ನನ್ನ ಬಾಯಲ್ಲಿ ಕನ್ನಡ ಕೇಳಿದ್ದೇ ತಡ, "ಅಣಾ, ಬೆಣ್ಣೆದೋಸೆ ತಿಂದು ಎರಡು ವರ್ಷ ಆತು" ಅಂತ ಶುರುಮಾಡಿದ. ಅವನಿಗೆ ಬೆಟ್ಟದ ತುದಿಯಲ್ಲಿ ನಿಂತು ಕೈ ಚಾಚಿ ಒಂದು ಫೋಟೋ ಬೇಕಿತ್ತು. ಅದಕ್ಕೇ ಬಂದದ್ದು ಅಂತ ಮುಚ್ಚುಮರೆಯಿಲ್ಲದೆ ಹೇಳಿದ.

ಮಾರ್ಗದರ್ಶಿಯಾಗಿ ಬಂದವಳು ಮೂವತ್ತು ದಾಟದ ಹೆಣ್ಣುಮಗಳು. ಎತ್ತರದ ಆಳಲ್ಲ, ದನಿಯೂ ದೊಡ್ಡದಲ್ಲ. ಮೊದಲ ಅಪ್ಪಣೆಯೇ ಬಟ್ಟೆಯ ಮೇಲೆ. "ಹತ್ತಿ ಬಟ್ಟೆ ಯಾರು ಹಾಕಿದ್ದೀರಿ? ಬಿಚ್ಚಿ." ಹತ್ತಿ ಬೆವರನ್ನು ಹೀರಿ ಮೈಗೇ ಅಂಟಿಕೊಳ್ಳುತ್ತೆ, ನಿಂತ ಕೂಡಲೆ ಮಂಜಿನಷ್ಟು ತಣ್ಣಗಾಗುತ್ತೆ. ಮೈಗೆ ತಾಗುವ ಬಟ್ಟೆ ಉಣ್ಣೆಯದಿರಬೇಕು, ಅದರ ಮೇಲೊಂದು ಬೆಚ್ಚನೆಯದು, ಎಲ್ಲಕ್ಕೂ ಮೇಲೆ ಗಾಳಿ ತಡೆಯುವಂಥದು. ನಡೆಯುವಾಗ ಸ್ವಲ್ಪ ಚಳಿ ಅನ್ನಿಸುತ್ತಲೇ ಇರಬೇಕಂತೆ. ಬೆವರಿದವನು ಕೆಟ್ಟ! ದಾವಣಗೆರೆಯವನ ಜೀನ್ಸ್ ಪ್ಯಾಂಟು ವ್ಯಾನಿನಲ್ಲೇ ಉಳಿಯಿತು. ಅವಳು ಕೊಟ್ಟ ದೊಗಳೆ ಪ್ಯಾಂಟಿನಲ್ಲಿ ಫೋಟೋ ಚೆನ್ನಾಗಿ ಬರಲ್ಲ ಅಂತ ಅವನಿಗೆ ಬೇಸರ.

ಕಾಲಿಗೆ ಮೊರದಂಥ ಹಿಮದ ಮೆಟ್ಟು ಕಟ್ಟಿಕೊಂಡು, ಕೈಯಲ್ಲಿ ಎರಡು ಕೋಲು, ಹಣೆಗೊಂದು ಬ್ಯಾಟರಿ ದೀಪ. ಮೈಭಾರ ಅಗಲಕ್ಕೆ ಹರಡುವುದರಿಂದ ಹಿಮದಲ್ಲಿ ಹೂತುಹೋಗುವುದಿಲ್ಲ. ಆದರೆ ಕಾಲಗಲಿಸಿ ನಡೆಯಬೇಕು, ಇಲ್ಲವಾದರೆ ನಮ್ಮ ಮೆಟ್ಟನ್ನು ನಾವೇ ತುಳಿದು ಬೋರಲು ಬೀಳುತ್ತೇವೆ. ಅಲ್ಲಿ 'ರಿಪಾ' ಅಂತ ಒಂದು ಹಕ್ಕಿ ಇದೆ. ಚಳಿಗಾಲಕ್ಕೆ ಪೂರ್ತಿ ಬೆಳ್ಳಗಾಗುತ್ತೆ, ಪಾದದ ಮೇಲೂ ಪುಕ್ಕ. ದೇವರು ಅದಕ್ಕೆ ಹುಟ್ಟಾ ಇಂಥದೇ ಮೆಟ್ಟು ಕೊಟ್ಟಿದ್ದಾನೆ. ಕುಳ್ಳು ಬರ್ಚ್ ಮರಗಳ ನಡುವೆ ಅದರ ಹೆಜ್ಜೆ ಸಾಲು ತೋರಿಸಿದಳು. ಹಕ್ಕಿ ಮಾತ್ರ ಕಾಣಲಿಲ್ಲ.

ಆ ಬೆಳಕನ್ನು ಹೇಗೆ ಹೇಳಲಿ? ನಮ್ಮ ಹಳೆಯ ಚಿತ್ರಗಳಲ್ಲಿ ಹಗಲು ಹೊತ್ತೇ ಕ್ಯಾಮೆರಾಗೆ ನೀಲಿ ಫಿಲ್ಟರ್ ಹಾಕಿ ರಾತ್ರಿ ದೃಶ್ಯ ತೆಗೆಯುತ್ತಿದ್ದರಲ್ಲ, ನೆರಳು ನೋಡಿದರೇ ಗೊತ್ತಾಗಿ ಗಾಂಧಿ ಕ್ಲಾಸಿನವರು ಶಿಳ್ಳೆ ಹಾಕುತ್ತಿದ್ದರಲ್ಲ, ಇಲ್ಲಿ ಪ್ರಕೃತಿಯೇ ಆ ಫಿಲ್ಟರ್ ಹಾಕಿದೆ. ಹಿಮ ನೀಲಿ, ಸಮುದ್ರ ನೀಲಿ, ಪಕ್ಕದವರ ಮುಖವೂ ನೀಲಿ. ದಕ್ಷಿಣದಲ್ಲಿ ಬೆಟ್ಟಗಳ ಅಂಚಿಗೆ ಮಾತ್ರ ಒಂದು ಕೆಂಪು ಗೆರೆ. ನೆರಳೇ ಇಲ್ಲ. ಸದ್ದೂ ಇಲ್ಲ, ಹೊಸ ಹಿಮ ಸದ್ದನ್ನೆಲ್ಲ ನುಂಗಿಬಿಡುತ್ತೆ. ಸೌಂಡ್ ಟ್ರ್ಯಾಕ್ ಕಿತ್ತುಹಾಕಿದ ರೀಲಿನೊಳಗೆ ನಡೆದ ಹಾಗೆ.

"ಧುಮ್ಮ್!"

ಒಂದೂವರೆ ಗಂಟೆ ಹತ್ತಿದ ಮೇಲೆ ತುದಿ ಕಂಡಿತು. ಇನ್ನೇನು, ಇಪ್ಪತ್ತು ನಿಮಿಷದ ದಾರಿ. ಅಷ್ಟರಲ್ಲಿ ಗಾಳಿ ಎದ್ದಿತು. ಚಳಿ ಮೈನಸ್ ಹತ್ತು ಇದ್ದು ಗಾಳಿ ಸೆಕೆಂಡಿಗೆ ಹತ್ತು ಮೀಟರ್ ಬೀಸಿದರೆ ಚರ್ಮಕ್ಕೆ ಅದು ಮೈನಸ್ ಇಪ್ಪತ್ತರ ಲೆಕ್ಕ. ಆದರೆ ಅವಳು ನೋಡುತ್ತಿದ್ದದ್ದು ನಮ್ಮ ಮೂಗನ್ನಲ್ಲ, ಗಾಳಿ ಹಿಮವನ್ನು ಎಲ್ಲಿಂದ ಎತ್ತಿ ಎಲ್ಲಿ ಸುರಿಯುತ್ತಿದೆ ಅನ್ನೋದನ್ನ. ಬೆಟ್ಟದ ಮರೆಬದಿಯ ಇಳಿಜಾರಿನಲ್ಲಿ ಅದು ಪೇರಿಕೊಳ್ಳುತ್ತಿತ್ತು. ಹಾಗೇ ನಾಲ್ಕು ಹೆಜ್ಜೆ ಇಟ್ಟೆವು. ಕಾಲ ಕೆಳಗೆ "ಧುಮ್ಮ್" ಅಂತ ಒಂದು ಸದ್ದು. ಖಾಲಿ ಕಣಜದ ಮೇಲೆ ಕಾಲಿಟ್ಟ ಹಾಗೆ. ಎದೆ ಝಲ್ಲೆಂದಿತು.

ಅವಳು ಎಲ್ಲರನ್ನೂ ನಿಲ್ಲಿಸಿ, ಬ್ಯಾಗಿನಿಂದ ಗುದ್ದಲಿಯಂಥ ಮಡಿಸುವ ಸಲಿಕೆ ತೆಗೆದು ಮೊಣಕಾಲುದ್ದ ಗುಂಡಿ ತೋಡಿದಳು. ಗುಂಡಿಯ ಗೋಡೆ ನೋಡಬೇಕಿತ್ತು! ಮೇಲೆ ಗಾಳಿ ತಂದ ಗಟ್ಟಿ ಹಿಮದ ಹಲಗೆ. ಅದರ ಕೆಳಗೆ ಒಂದಕ್ಕೊಂದು ಅಂಟದ ಕಾಳು ಕಾಳು ಹಿಮ, ಸಕ್ಕರೆಯ ಹಾಗೆ. ಅದಕ್ಕೂ ಕೆಳಗೆ ಹಿಂದೊಮ್ಮೆ ಮಳೆ ಬಿದ್ದು ಹೆಪ್ಪುಗಟ್ಟಿದ ಐಸಿನ ಪದರ. ಸಮುದ್ರದ ಪಕ್ಕದ ಊರಾದ್ದರಿಂದ ನಡುಚಳಿಯಲ್ಲೂ ಮಳೆ ಬರುತ್ತೆ. ಗಾಜಿನ ಮೇಲೆ ಸಕ್ಕರೆ ಸುರಿದು, ಸಕ್ಕರೆಯ ಮೇಲೆ ಹಲಗೆ ಇಟ್ಟು ಓರೆ ಮಾಡಿದರೆ ಏನಾಗುತ್ತೆ? ಜಾರುತ್ತೆ. "ಧುಮ್ಮ್" ಅಂದದ್ದು ಆ ಸಕ್ಕರೆ ಪದರ ಕುಸಿದ ಸದ್ದು. ಇಳಿಜಾರು 30 ಡಿಗ್ರಿಗಿಂತ ಕಡಿದಾಗಿದ್ದರೆ ಬೆಟ್ಟದ ಮೈಯೇ ಕಳಚಿ ಬರಬಹುದು. ಹೂತುಹೋದವನನ್ನು ಮೊದಲ ಹತ್ತು ಹದಿನೈದು ನಿಮಿಷದೊಳಗೆ ತೆಗೆದರೆ ಬದುಕುವ ಆಸೆ ಚೆನ್ನಾಗಿದೆ. ಆಮೇಲೆ ಉಸಿರು ಕಟ್ಟಿ... ಬೇಡ ಬಿಡಿ. ನಾವು ನಿಂತ ಜಾಗ ಸಮತಟ್ಟು. ತುದಿಗೆ ಹೋಗುವ ದಾರಿ ಮಾತ್ರ ಕಡಿದಾದ ಆ ಮರೆಬದಿಯ ಪಕ್ಕದಲ್ಲೇ ಇತ್ತು.

"ಇಲ್ಲಿಂದ ಹಿಂದಕ್ಕೆ," ಎಂದಳು. ಅಷ್ಟೇ ಮಾತು.

ದಾವಣಗೆರೆಯವನ ಮುಖ ಕೆಂಪಗಾಯಿತು. "ಅಣಾ, ಅಲ್ಲೇ ಕಾಣಾಕತ್ತೈತಲ್ಲ! ದುಡ್ಡು ಕೊಟ್ಟು ಇಷ್ಟ್ ದೂರ ಬಂದು ವಾಪಸ್ ಹೋಗೋದಾ? ನೀವಾದ್ರೂ ಹೇಳ್ರಿ." ನಾನು ಏನು ಹೇಳಲಿ? ಅವನು ಅವಳ ಹತ್ತಿರವೇ ವಾದಕ್ಕೆ ನಿಂತ. ತನ್ನ ಜವಾಬ್ದಾರಿ ತನ್ನದು, ಒಬ್ಬನೇ ಹೋಗಿ ಬರ್ತೀನಿ, ಇಪ್ಪತ್ತೇ ನಿಮಿಷ ಅಂದ. ಅವಳು ಸಿಟ್ಟಾಗಲಿಲ್ಲ. "ನೀನು ಹೂತುಹೋದರೆ ಅಗೆಯೋಕೆ ಬರಬೇಕಾದವರು ಇವರು," ಅಂತ ನಮ್ಮ ಏಳು ಜನರ ಕಡೆ ಕೈ ತೋರಿಸಿದಳು. ನಾವು ಏಳು ಮಂದಿಯೂ ಅವನನ್ನೇ ನೋಡಿದೆವು. ಅವನು ತಲೆ ತಗ್ಗಿಸಿ ತಿರುಗಿದ.

ನಮ್ಮ ಚಿತ್ರಗಳ ನಾಯಕ ಹೀಗೆ ಹಿಂದಿರುಗಿದ್ದನ್ನು ನೀವು ಕಂಡಿದ್ದೀರಾ? ಇಂಟರ್‌ವಲ್ಲಿಗೆ ಮುಂಚೆ ತಿರುಗಿದರೂ ಕ್ಲೈಮ್ಯಾಕ್ಸಿಗೆ ಒಬ್ಬನೇ ನುಗ್ಗಲೇಬೇಕು. ನಾರ್ವೆಯವರ ಲೆಕ್ಕ ಬೇರೆ. ಅವರಲ್ಲಿ ಬೆಟ್ಟಕ್ಕೆ ಹೋಗುವವರಿಗೆಂದು ಒಂಬತ್ತು ನಿಯಮಗಳಿವೆ. ಹಳೆಯ ರೂಪ 1952ರದು. 1967ರ ಈಸ್ಟರ್ ರಜೆಯಲ್ಲಿ ಹದಿನೆಂಟು ಜನ ಬೆಟ್ಟಗಳಲ್ಲಿ ಸತ್ತ ಮೇಲೆ ದೇಶವೇ ಅದನ್ನು ಕಲಿಯಿತು. 2016ರಲ್ಲಿ ತಿದ್ದಿ ಹೊಸದು ಮಾಡಿದರು. ಎಂಟನೆಯದು ಅಲ್ಲಿ ಮಕ್ಕಳಿಗೂ ಗೊತ್ತು. ಹೊತ್ತಿಗೆ ಸರಿಯಾಗಿ ಹಿಂದಿರುಗು, ಹಿಂದಿರುಗುವುದರಲ್ಲಿ ನಾಚಿಕೆಯಿಲ್ಲ ಎನ್ನುವ ಅರ್ಥದ್ದು.

ಇಳಿಯುವಾಗ ಮರಗಳ ಮರೆಯಲ್ಲಿ ಕೂರಿಸಿ ಬಿಸಿ ಬಿಸಿ ಹಣ್ಣಿನ ಶರಬತ್ತು ಕೊಟ್ಟು, ಅವನ ಪಕ್ಕದಲ್ಲೇ ಕೂತು ಅಮುಂಡ್ಸನ್ ಕಥೆ ತೆಗೆದಳು. ದಕ್ಷಿಣ ಧ್ರುವವನ್ನು ಮೊದಲು ಮುಟ್ಟಿದ ಮಹಾಶೂರ. ಟ್ರೊಮ್ಸೊದಲ್ಲಿ ಅವನ ಪ್ರತಿಮೆ ಇದೆ. 1911ರ ಸೆಪ್ಟೆಂಬರ್‌ನಲ್ಲಿ ಅವನು ಅವಸರ ಮಾಡಿ ಧ್ರುವಕ್ಕೆ ಹೊರಟ. ಚಳಿ ಮೈನಸ್ ಐವತ್ತನ್ನೂ ಮೀರಿತು. ತಿರುಗಿ ಬಂದ! ಅಕ್ಟೋಬರ್‌ನಲ್ಲಿ ಮತ್ತೆ ಹೊರಟು ಡಿಸೆಂಬರ್ 14ಕ್ಕೆ ಮುಟ್ಟಿದ. ಅದೇ ಮನುಷ್ಯ 1928ರ ಜೂನ್‌ನಲ್ಲಿ, ಕಾಣೆಯಾದ ಇಟಲಿಯ ನೊಬಿಲೆಯನ್ನು ಹುಡುಕಲು ಇದೇ ಟ್ರೊಮ್ಸೊದಿಂದ ವಿಮಾನ ಹತ್ತಿದ. ಈ ಸಲ ತಿರುಗಿ ಬರಲಿಲ್ಲ. ಹೆಣವೂ ಸಿಗಲಿಲ್ಲ.

ಹುಡುಗ ಶರಬತ್ತು ಕುಡಿದ, ಮಾತಾಡಲಿಲ್ಲ. ಅವನನ್ನು ನಗಿಸೋಕೆ ನಾನೂ ನನ್ನ ಕಥೆ ಬಿಚ್ಚಿದೆ. ಎಷ್ಟಾದರೂ ನಮ್ಮದು ಸಿನಿಮಾ ಕಥೆಯೇ. 1979ರ ಮಾರ್ಚ್‌ನಲ್ಲಿ 'ದಿ ಎಂಪೈರ್ ಸ್ಟ್ರೈಕ್ಸ್ ಬ್ಯಾಕ್' ಚಿತ್ರದ ತಂಡ ದಕ್ಷಿಣ ನಾರ್ವೆಯ ಫಿನ್ಸೆ ಎಂಬಲ್ಲಿಗೆ ಹಿಮದ ಗ್ರಹವನ್ನು ಚಿತ್ರಿಸಲು ಬಂತು. ಭಯಂಕರ ಬಿರುಗಾಳಿ. ನಿರ್ಮಾಪಕರ ದುಡ್ಡು ನೀರಾಗುತ್ತಿದೆ. ಕೊನೆಗೆ ಏನು ಮಾಡಿದರು ಗೊತ್ತೆ? ಕ್ಯಾಮೆರಾವನ್ನು ಹೋಟೆಲಿನ ಬಾಗಿಲಲ್ಲೇ ಇಟ್ಟು, ನಾಯಕ ಮಾರ್ಕ್ ಹ್ಯಾಮಿಲ್‌ನನ್ನು ಹೊರಗೆ ಬಿರುಗಾಳಿಯಲ್ಲಿ ಓಡಿಸಿ ಶಾಟ್ ತೆಗೆದರು! ಪರದೆಯ ಮೇಲೆ ಅವನು ಬೇರೊಂದು ಗ್ರಹದಲ್ಲಿ ದಿಕ್ಕೆಟ್ಟು ಅಲೆಯುತ್ತಾನೆ. ಹಿಂದೆ ನಾಲ್ಕು ಹೆಜ್ಜೆಗೇ ಬಿಸಿ ಕೋಣೆ. "ಅಂದ್ರೆ ಹೀರೋಗೂ ವಾಪಸ್ ದಾರಿ ಇತ್ತು ಅಂದಂಗಾತು" ಅಂದ ಹುಡುಗ. ನಕ್ಕನೋ ಇಲ್ಲವೋ, ಮಫ್ಲರಿನೊಳಗೆ ತಿಳಿಯಲಿಲ್ಲ.

ಮರುದಿನ ಬಸ್ಸಿನಲ್ಲಿ ಆ ದಾರಿಯಾಗಿಯೇ ಹೋದೆವು. ಇಳಿಜಾರು ಹೇಗಿತ್ತೋ ಹಾಗೇ ಇತ್ತು. ಒಂದು ಹಿಡಿ ಹಿಮವೂ ಜಾರಿರಲಿಲ್ಲ. "ನೋಡಿದ್ರಾ ಅಣಾ, ಏನೂ ಆಗಿಲ್ಲ," ಅಂತ ಕಿಟಕಿಗೆ ಮೂಗು ಒತ್ತಿದ. "ಹೌದು ತಮ್ಮಾ, ಏನೂ ಆಗಲಿಲ್ಲ," ಅಂದೆ.

ಹಿಮದ ನಡಿಗೆ ಬೇಡ, ಊರಿನ ನೋಟ ಸಾಕು ಅನ್ನುವವರಿಗೆ 1961ರಿಂದ ರೋಪ್‌ವೇ ಇದೆ. 421 ಮೀಟರ್ ಎತ್ತರಕ್ಕೆ ಕೂತೇ ಹೋಗಬಹುದು. ಪಕ್ಕದಲ್ಲೇ ನೇಪಾಳದ ಶೆರ್ಪಾಗಳು ಕಟ್ಟಿದ 1,200ಕ್ಕೂ ಹೆಚ್ಚು ಕಲ್ಲುಮೆಟ್ಟಿಲುಗಳಿವೆ. ಹಿಮಾಲಯದವರ ಕೈಕೆಲಸ, ನೋಡಿದರೆ ಹೆಮ್ಮೆಯಾಗುತ್ತೆ. ಆದರೆ ಚಳಿಗಾಲದಲ್ಲಿ ಅವು ಹಿಮದಡಿ ಜಾರುಬಂಡೆ. ಬೇಸಗೆಗೆ ಇಟ್ಟುಕೊಳ್ಳಿ.

ಆ ಸಂಜೆ ಊರ ಚೌಕದಲ್ಲಿ ಬಯಲು ಸಿನಿಮಾ. ಚಿತ್ರೋತ್ಸವದ ದಿನಗಳಲ್ಲಿ ಅಲ್ಲಿ ಹಿಮದ ನಡುವೆಯೇ ಪರದೆ ಕಟ್ಟುತ್ತಾರೆ, ಟಿಕೆಟ್ಟಿಲ್ಲ. ನಮ್ಮ ಟೂರಿಂಗ್ ಟಾಕೀಸಿನಲ್ಲಿ ಮರಳು ಗುಡ್ಡೆ ಮಾಡಿಕೊಂಡು ಕೂರುತ್ತಿದ್ದ ಹಾಗೆ ಅಲ್ಲಿನ ಮಕ್ಕಳು ಹಿಮ ಗುಡ್ಡೆ ಮಾಡಿಕೊಂಡು ಕೂತಿದ್ದವು. ದಾವಣಗೆರೆಯವನು ಉಣ್ಣೆ ಟೋಪಿ ಕಿವಿವರೆಗೂ ಎಳೆದುಕೊಂಡು ಕೊನೆಯ ತನಕ ನಿಂತು ನೋಡಿದ. ಫೋಟೋನೂ ತೆಗೆಸಿಕೊಂಡ, ಪರದೆಯ ಮುಂದೆ, ಕೈ ಚಾಚಿ.