ಕ್ಯಾಮೆರಾದ ಸಾಕ್ಷಿ

ಸಾಕ್ಷಾತ್ತಾಗಿ ಕಂಡವನೇ ಸಾಕ್ಷಿಯೆಂದು ವೈಯಾಕರಣರು ನಿರ್ಣಯಿಸಿದ್ದಾರೆ. ಹಾಗಿದ್ದರೆ ರೆಪ್ಪೆ ಮಿಟುಕಿಸದ ಕ್ಯಾಮೆರಾಕ್ಕಿಂತ ಉತ್ತಮ ಸಾಕ್ಷಿ ಯಾವುದು? ಅದಕ್ಕೆ ರಾಗದ್ವೇಷಗಳಿಲ್ಲ; ಲಂಚದ ಆಸೆಯಿಲ್ಲ. ಆದರೆ ಆ ಸಾಕ್ಷಿಯನ್ನು ಎಲ್ಲಿ ನಿಲ್ಲಿಸಬೇಕು, ಯಾವಾಗ ಕಣ್ತೆರೆಯಿಸಬೇಕು ಎಂದು ನಿಶ್ಚಯಿಸುವವನು ಮನುಷ್ಯನಷ್ಟೆ! ಸಾಕ್ಷ್ಯಚಿತ್ರಗಳ ಸ್ವಾರಸ್ಯವೆಲ್ಲ ಇಲ್ಲಿಯೇ ಇದೆ.

ಕೆನಡಾದ ಹಿಮಸೀಮೆಯ ಜನರ ಬಾಳನ್ನು ತೋರಿಸುವೆನೆಂದು ಫ್ಲಾಹರ್ಟಿಯೆಂಬಾತನು 1922ರಲ್ಲಿ ‘ನಾನೂಕ್ ಆಫ್ ದಿ ನಾರ್ತ್’ ಎಂಬ ಚಿತ್ರವನ್ನು ಹೊರತಂದನು. ಮಂಜಿನ ಮನೆಯೊಳಗೆ ಬೆಳಕು ಸಾಲದೆ, ಒಂದು ಪಕ್ಕ ಬಯಲಾಗಿರುವ ಮನೆಯನ್ನೇ ಕಟ್ಟಿಸಿದನು. ಪ್ರೇಕ್ಷಕರಿಗೆ ಬೆಚ್ಚಗೆ ಮಲಗಿದಂತೆ ಕಂಡ ಸಂಸಾರವು ಬಯಲ ಚಳಿಗೇ ಮೈಯೊಡ್ಡಿತ್ತು. ಬಂದೂಕು ಬಲ್ಲ ಬೇಟೆಗಾರನ ಕೈಗೆ ಅಜ್ಜಂದಿರ ಕಾಲದ ಈಟಿ ಬಂದಿತು. ನಾಯಕನ ನಿಜನಾಮ ಅಲ್ಲಾಕರಿಯಾಲ್ಲಾಕ್. ಹೆಂಡತಿಯೆಂದು ತೋರಿಸಿದವಳು ಅವನ ಹೆಂಡತಿಯಲ್ಲ. ಹಿಮ ಮಾತ್ರ ನಿಜ, ಚಳಿಯೂ ನಿಜ! ಸಾಕ್ಷಿ ಸುಳ್ಳಾಡಲಿಲ್ಲ, ಅದರೆದುರಿಗೆ ಸಂಸಾರವೇ ವೇಷ ಕಟ್ಟಿತು.

ಇದಕ್ಕಾಗಿ ಅಷ್ಟು ದೂರ ಹೋಗಬೇಕಾದುದಿಲ್ಲ. ಹಾನಗಲ್ಲ ಸೀಮೆಯ ಭತ್ತದ ಗದ್ದೆಗೆ ಕ್ಯಾಮೆರಾ ಬಂದಿತೆನ್ನಿ. ಟ್ರ್ಯಾಕ್ಟರು ಬಣವೆಯ ಮರೆಗೆ ಸರಿಯುತ್ತದೆ. ನೆರೆಮನೆಯ ಎತ್ತುಗಳು ಕಡವಾಗಿ ಬರುತ್ತವೆ. ಮದುವೆಯ ರುಮಾಲು ಪೆಟ್ಟಿಗೆಯಿಂದ ತಲೆಗೇರುತ್ತದೆ. “ಸಹಜವಾಗಿರಿ” ಎಂಬ ಅಪ್ಪಣೆಯಾದೊಡನೆ ರೈತನು ವೀರಗಲ್ಲಿನಂತೆ ಸೆಟೆದು ನಿಲ್ಲುತ್ತಾನೆ.

ಕಣ್ಣಿಗೆ ಕಾಣುವುದರ ಗತಿ ಹೀಗಾದರೆ ಕಾಣದುದರ ಗತಿಯೇನು? ಸವಣೂರಿನ ದೊಡ್ಡಹುಣಸೆಯ ಗಾತ್ರವನ್ನು ಕ್ಯಾಮೆರಾ ತೋರಿಸಬಲ್ಲುದು. ಅದನ್ನು ಕೃಷ್ಣನು ನೆಟ್ಟನೆಂಬ ಭಕ್ತರಿಗೂ ಆಫ್ರಿಕಾ ಮೂಲದ ಜಾತಿಯೆಂಬ ಸಸ್ಯಶಾಸ್ತ್ರಜ್ಞರಿಗೂ ನಡುವೆ ತೀರ್ಪು ಕೊಡಲಾರದು. ಹಿರೇಕೆರೂರು ಸೀಮೆಯಲ್ಲಿ ಅಬಲೂರಿನವರೂ ಮಾಸೂರಿನವರೂ ಸರ್ವಜ್ಞ ತಮ್ಮವನೆನ್ನುತ್ತಾರೆ. ಕ್ಯಾಮೆರಾ ಎರಡೂ ಊರುಗಳ ಬೀದಿಗಳನ್ನು ಸಮಾನ ಗೌರವದಿಂದ ತೋರಿಸೀತು, ಅಷ್ಟೆ. ಶಿಗ್ಗಾವಿ ಸೀಮೆಯ ಬಾಡದಲ್ಲಿ ಹುಟ್ಟಿದ ಕನಕದಾಸರಂತೂ ಕ್ಯಾಮೆರಾಕ್ಕಿಂತ ಶತಮಾನಗಳಷ್ಟು ಹಿಂದಿನವರು. ಗಿರೀಶ ಕಾರ್ನಾಡರು 1988ರಲ್ಲಿ ‘ಕನಕ ಪುರಂದರ’ ಎಂಬ ಸಾಕ್ಷ್ಯಚಿತ್ರ ಮಾಡುವ ವೇಳೆಗೆ ದಾಸರನ್ನು ಸಾಕ್ಷಾತ್ ಕಂಡವರು ಯಾರೂ ಇರಲಿಲ್ಲ, ಅವರ ಕೀರ್ತನೆಗಳಿದ್ದವು.

ಹಾಗಾದರೆ ಸಾಕ್ಷ್ಯಚಿತ್ರವೆಲ್ಲ ಮಿಥ್ಯೆಯೆ? ಅಲ್ಲ. ನ್ಯಾಯಾಲಯದಲ್ಲಿ ಸಾಕ್ಷಿಯ ಮಾತಿಗೆ ಬೆಲೆ ಬರುವುದು ಪಾಟೀಸವಾಲಿನ ಬಳಿಕ. ಎಲ್ಲಿ ನಿಂತೆ, ಯಾರು ಕರೆತಂದರು, ಏನನ್ನು ಬಿಟ್ಟೆ ಎಂಬ ಪ್ರಶ್ನೆಗಳಿಗೆ ಅಳುಕದೆ ಉತ್ತರ ಕೊಡುವ ಚಿತ್ರವೇ ವಿಶ್ವಾಸಕ್ಕೆ ಪಾತ್ರವಾದುದು. ಇದು ಬರಿಯ ನಗೆಯ ಮಾತಲ್ಲ. ಆ ರೈತನ ಮೊಮ್ಮಗನು ಮುಂದೊಂದು ದಿನ ಅಜ್ಜನನ್ನು ಕಾಣುವುದು ಆ ಚಿತ್ರದಲ್ಲಿಯೇ. ಕಡದ ಎತ್ತುಗಳನ್ನು ಅವನು ಮನೆಯ ಎತ್ತುಗಳೆಂದು ತಿಳಿಯುವನು. ಟ್ರ್ಯಾಕ್ಟರಿನ ಸಾಲ ತೀರಿಸಲು ಅಜ್ಜನು ಪಟ್ಟ ಪಾಡು ಬಣವೆಯ ಮರೆಯಲ್ಲಿಯೇ ಉಳಿದುಹೋಗುವುದು.