ಕಿವಿಯೊಳಗಿನ ಬಸವನಹುಳು

ಹುಟ್ಟಿನಿಂದ ಕಿವಿ ಕೇಳದ ಮಕ್ಕಳ ತಂದೆತಾಯಿಗೆಂದು ಬರೆದ ಕೈಪಿಡಿಯೊಂದನ್ನು ಕನ್ನಡಕ್ಕೆ ತರುವ ಕೆಲಸ ಬಂದಾಗ, ಮೊದಲ ಪುಟದ ‘ಕಾಕ್ಲಿಯಾ’ದಲ್ಲೇ ಎರಡು ದಿನ ಕಳೆದೆ. ಕಾಕ್ಲಿಯರ್ ಇಂಪ್ಲಾಂಟ್ ಎಂಬ ಹೆಸರು ಹಾಗೇ ಇರಲಿ, ಆಸ್ಪತ್ರೆಯಲ್ಲಿ ಕಿವಿಗೆ ಬೀಳುವುದು ಅದೇ. ಆದರೆ ಮಗುವಿನ ತಲೆಯೊಳಗೆ ತಂತಿ ಹೋಗುವ ಜಾಗ ಯಾವುದೆಂದು ತಾಯಿಗೆ ಗೊತ್ತಾಗಬೇಡವೇ?

ಕಾಕ್ಲಿಯಾ ಎಂದರೆ ಲ್ಯಾಟಿನ್ನಿನಲ್ಲಿ ಬಸವನಹುಳು, ಅದರ ಚಿಪ್ಪು. ಗ್ರೀಕಿನ ‘ಕೊಖ್ಲಿಯಾಸ್’ನಿಂದ ಬಂದದ್ದು. ಒಳಕಿವಿಗೆ ಆ ಹೆಸರಿಟ್ಟವನು 16ನೇ ಶತಮಾನದ ಇಟಲಿಯ ಗೇಬ್ರಿಯೆಲೆ ಫಲೋಪಿಯೊ. ಬಟಾಣಿಯಷ್ಟು ಗಾತ್ರ, ಸುಮಾರು ಎರಡೂವರೆ ಸುತ್ತು. ಬಿಚ್ಚಿ ಹಾಸಿದರೆ 35 ಮಿಲಿಮೀಟರ್ ಆಸುಪಾಸು. ಅವನೇನೂ ಘನವಾದ ಶಬ್ದ ಹುಡುಕಲಿಲ್ಲ, ಹಿತ್ತಲಲ್ಲಿ ಹರಿದಾಡುವುದನ್ನೇ ಕರೆದ.

ನಾವೋ, ಶಾಸ್ತ್ರವೆಂದ ಕೂಡಲೇ ಸಂಸ್ಕೃತಕ್ಕೆ ಕೈ ಚಾಚುತ್ತೇವೆ. ಹಿಂದಿಯವರು ‘ಕರ್ಣಾವರ್ತ’ ಮಾಡಿಕೊಂಡಿದ್ದಾರೆ. ನನಗೆ ಹೊಳೆದದ್ದು ‘ಕರ್ಣಶಂಖ’. ಚೆಂದವಿದೆ, ಆದರೆ ಆ ಶಂಖ ಆಗಲೇ ಬೇರೆಯವರ ಕೈಯಲ್ಲಿದೆ. ಆಯುರ್ವೇದದಲ್ಲಿ ಶಂಖವೆಂದರೆ ಕಣ್ಣು ಕಿವಿಗಳ ನಡುವಿನ ಕಣತಲೆ, ಅಲ್ಲಿನ ಮರ್ಮ. ಹೊರಗಿವಿಯ ಬೋಗುಣಿಯಂಥ ಗುಳಿಗೆ ವೈದ್ಯರು ‘ಕಾಂಕಾ’ ಎನ್ನುತ್ತಾರೆ. ಅದರ ಮೂಲವಾದ ಗ್ರೀಕಿನ ‘ಕೊಂಖೆ’ಯೂ ನಮ್ಮ ಶಂಖವೂ ಒಂದೇ ಬುಡದವೆಂದು ಭಾಷಾಶಾಸ್ತ್ರದವರು ಬಹುಕಾಲದಿಂದ ಹೇಳಿಕೊಂಡು ಬಂದಿದ್ದಾರೆ. ಹೊರಗೂ ಶಂಖ, ಪಕ್ಕದಲ್ಲೂ ಶಂಖ; ಒಳಗೆ ಇನ್ನೊಂದನ್ನು ಊದುವುದು ಬೇಡವೆನಿಸಿತು.

ಉಳಿದದ್ದು ಬಸವನಹುಳು. ಮಳೆ ಹಿಡಿದರೆ ಡೊಂಬಿವಲಿಯ ನಮ್ಮ ಬಿಲ್ಡಿಂಗಿನ ಕಾಂಪೌಂಡ್ ಗೋಡೆಯ ಮೇಲೆ ಅವೇ. ಪಕ್ಕದ ಮನೆಯ ಮರಾಠಿ ಕಾಕು ‘ಗೋಗಲಗಾಯ್’ ಎನ್ನುತ್ತಾರೆ. ನಮಗೆ ಬಸವ, ಅವರಿಗೆ ಹಸು. ಕೊಂಬು ಕಂಡು ಎರಡೂ ಭಾಷೆ ದನವನ್ನೇ ನೆನೆದಿರಬೇಕು. ಅವರ ಮಾತಿನಲ್ಲಿ ಹುಳುವಿಲ್ಲ, ನಮ್ಮದರಲ್ಲಿದೆ.

ಕಲ್ಯಾಣದಲ್ಲಿ ಗಾರೆ ಕೆಲಸಕ್ಕೆ ಹೋಗುವ, ವಿಜಯಪುರ ಕಡೆಯ ಪರಿಚಯದ ಹೆಣ್ಣುಮಗಳೊಬ್ಬಳಿಗೆ ಎರಡೂ ಕರಡು ಓದಿದೆ. ಕರ್ಣಶಂಖಕ್ಕೆ ಪುರಾಣ ಕೇಳುವವರ ಹಾಗೆ ತಲೆಯಾಡಿಸಿದಳು. ಬಸವನಹುಳು ಬಂದಾಗ ತಡೆದಳು: “ಹಂಗಾರ ಹುಳಾ ತಗದು ಮಿಶಿನ್ ಹಾಕ್ತಾರೇನ್ರಿ ಅಕ್ಕಾರ?”

ಈ ಪ್ರಶ್ನೆಗಾಗಿಯೇ ನಾನು ಅಷ್ಟು ದೂರ ಹೋದದ್ದು. ಉತ್ತರವನ್ನೇ ಪುಟಕ್ಕಿಳಿಸಿದೆ: ಕಿವಿಯ ಒಳಗೆ ಬಸವನಹುಳುವಿನ ಚಿಪ್ಪಿನಂಥ, ಎಲುಬಿನ ಸಣ್ಣ ಸುರುಳಿ ಇರುತ್ತದೆ. ಅದರಲ್ಲಿ ಹುಳುವಿಲ್ಲ. ಸುರುಳಿಯನ್ನು ತೆಗೆಯುವುದಿಲ್ಲ, ಅದರೊಳಗೆ ತೆಳ್ಳನೆಯ ತಂತಿ ಸೇರಿಸುತ್ತಾರೆ. ತಂತಿ ಕಿವಿಯ ನರವನ್ನು ನೇರವಾಗಿ ಎಚ್ಚರಿಸುತ್ತದೆ.

ಮುಂದಿನ ಪುಟಗಳಲ್ಲಿ ‘ಕಿವಿಸುರುಳಿ’ ಎಂದಷ್ಟೇ ಬರೆದೆ. ಕರ್ಣಶಂಖ ಕಂಸದಲ್ಲಾದರೂ ಇರಲಿ, ತೂಕ ಬರುತ್ತದೆ ಎಂದು ಕೆಲಸ ಕೊಟ್ಟವರು ಕೇಳಿದ್ದಾರೆ. ಬೇಡವೆಂದು ಬರೆದಿದ್ದೇನೆ, ಉತ್ತರ ಇನ್ನೂ ಬಂದಿಲ್ಲ.