ನೋಂಬು ಗಂಜಿ

ಹಳಗನ್ನಡ ಓದಿದವರಿಗೂ ಜೈನರ ಮನೆಗಳನ್ನು ಬಲ್ಲವರಿಗೂ 'ನೋಂಪಿ' ಎಂಬ ಮಾತು ಗೊತ್ತು. ವ್ರತ ಎಂದರ್ಥ. ತಮಿಳಿನಲ್ಲಿ ಅದರ ಒಡಹುಟ್ಟು 'ನೋಂಬು'. ನಾನದನ್ನು ಮೊದಲು ಕೇಳಿದ್ದು ಇಲ್ಲಿ ಚೆನ್ನೈಯಲ್ಲಿ, ನನ್ನ ಪಕ್ಕದ ಮೇಜಿನ ಭಾಯ್ ಬಾಯಿಂದ. ತಮಿಳು ಮನೆಮಾತಿನ ಮುಸಲ್ಮಾನರಿಗೆ ರಂಜಾನಿನ ಉಪವಾಸವೆಂದರೆ ನೋಂಬು. ಸಂಜೆ ಅದನ್ನು ಮುರಿಯುವುದಿಲ್ಲ, 'ತೆರೆಯುತ್ತಾರೆ'. ಮೊದಲು ಖರ್ಜೂರ, ನೀರು, ಆಮೇಲೆ ಗಂಜಿ.

ಗಂಜಿ ಎಂದೊಡನೆ ನಮ್ಮಲ್ಲನೇಕರ ಮುಖ ಸಪ್ಪಗಾಗುತ್ತದೆ. ನಮಗದು ಜ್ವರ ಬಂದವರ ಊಟ (ಕರಾವಳಿಯವರು ಕ್ಷಮಿಸಬೇಕು). ಇದು ಆ ಗಂಜಿಯಲ್ಲ. ಅಕ್ಕಿನುಚ್ಚು, ಹೆಸರುಬೇಳೆ, ಮೆಂತ್ಯ, ಶುಂಠಿ, ಬೆಳ್ಳುಳ್ಳಿ, ಪುದೀನ, ತೆಂಗಿನಹಾಲು; ಬಹಳ ಕಡೆ ಕೈಮಾ ಕೂಡ. ಮಸೀದಿಯಲ್ಲಿ ದೊಡ್ಡ ಹಂಡೆಗಳಲ್ಲಿ ಬೇಯಿಸಿ ಸಂಜೆಗೆ ಮುಂಚೆ ಹಂಚುತ್ತಾರೆ. ತಮಿಳುನಾಡು ಸರ್ಕಾರ ಇದಕ್ಕೆಂದೇ ಅಕ್ಕಿ ಕೊಡುತ್ತದೆ. ಭಾಯ್ ಅವರ ಬೀದಿಯ ಮಸೀದಿಯಲ್ಲಿ ಎಲ್ಲರೂ ಒಯ್ಯಲೆಂದು ಮಾಂಸ ಹಾಕುವುದಿಲ್ಲ. ಪಾತ್ರೆ ಹಿಡಿದ ಸಾಲಿನಲ್ಲಿ ಹಿಂದೂಗಳ ಮನೆಯ ಮಕ್ಕಳೂ ಇರುತ್ತಾರೆ.

ಚಾಂದ್ರಮಾನ ವರ್ಷಕ್ಕೆ 354 ದಿನ. ನಾವು ಅಧಿಕಮಾಸ ಸೇರಿಸಿ ಸರಿದೂಗಿಸಿಕೊಳ್ಳುತ್ತೇವೆ, ಅವರು ಸೇರಿಸುವುದಿಲ್ಲ. ಹಾಗಾಗಿ ರಂಜಾನ್ ವರ್ಷಕ್ಕೆ ಸುಮಾರು 11 ದಿನ ಹಿಂದೆ ಸರಿಯುತ್ತ, 33 ವರ್ಷದಲ್ಲಿ ಎಲ್ಲ ಋತುಗಳನ್ನೂ ಸುತ್ತುತ್ತದೆ. 2019ರಲ್ಲಿ ಅದು ಮೇ ತಿಂಗಳಿಗೆ, ಈ ಊರಿನ ಅಗ್ನಿನಕ್ಷತ್ರಕ್ಕೇ ಬಂತು. ಬೆಳಗಿನ ಜಾವದಿಂದ ಸೂರ್ಯಾಸ್ತದವರೆಗೆ ಸುಮಾರು 14 ಗಂಟೆ ಹನಿ ನೀರಿಲ್ಲ. ಊಟದ ಬಿಡುವಿನಲ್ಲೂ ಭಾಯ್ ಕುರ್ಚಿ ಬಿಟ್ಟೇಳದೆ ಫೈಲು ನೋಡುತ್ತಿದ್ದರು. ಏಕಾದಶಿಯೆಂದು ಉಪ್ಪಿಟ್ಟು, ಬಾಳೆಹಣ್ಣು, ಎರಡು ಸಲ ಕಾಫಿ ಮುಗಿಸಿ ಆಯಾಸಪಡುವ ನಮ್ಮಂಥವರು ಆ ಕಡೆ ನೋಡುತ್ತಿರಲಿಲ್ಲ. ಅಷ್ಟು ಹೊತ್ತು ಒಣಗಿದ ಹೊಟ್ಟೆಗೆ ನೀರು, ಉಪ್ಪು, ಬೆಂದು ಕರಗಿದ ಅಕ್ಕಿ ಮೂರೂ ಒಟ್ಟಿಗೆ ಸಿಗುತ್ತವಲ್ಲ, ಗಂಜಿಯನ್ನು ಆರಿಸಿದವರು ವಿಜ್ಞಾನ ಓದದೆಯೇ ಸರಿಯಾಗಿ ಆರಿಸಿದ್ದಾರೆ.

ತಿರುವಲ್ಲಿಕ್ಕೇಣಿಯ ವಾಲಾಜಾ ಮಸೀದಿ ಆರ್ಕಾಟಿನ ನವಾಬರ ಮನೆತನ 1795ರಲ್ಲಿ ಕಟ್ಟಿಸಿದ್ದು. ಅಲ್ಲಿ ನೋಂಬು ತೆರೆಯುವವರಿಗೆ ಮೈಲಾಪುರದ ಸೂಫಿದಾರ್ ಟ್ರಸ್ಟಿನವರು ದಶಕಗಳಿಂದ ಬಡಿಸುತ್ತ ಬಂದಿದ್ದಾರೆ. ಅದನ್ನು ಆರಂಭಿಸಿದ ದಾದಾ ರತನ್‌ಚಂದ್ ದೇಶವಿಭಜನೆಯಲ್ಲಿ ಸಿಂಧ್ ಬಿಟ್ಟು ಬಂದ ಹಿಂದೂ. ಅಡುಗೆ ಪೂರ್ತಿ ಸಸ್ಯಾಹಾರ. ನಾವೂ ಹೊರಗಿಂದ ಬಂದವರೇ. ಸಂಘದ ಯುಗಾದಿ ಊಟಕ್ಕೆ ಪಕ್ಕದ ಮನೆಯ ತಮಿಳರನ್ನು ಕರೆಯಲೂ ಎರಡು ಸಭೆ ಬೇಕು ನಮಗೆ.

2020ರ ಏಪ್ರಿಲ್ ಕೊನೆಗೆ ರಂಜಾನ್ ಬಂದಾಗ ಲಾಕ್‌ಡೌನ್. ಭಾಯ್ ಬೀದಿಯ ಮಸೀದಿಯಲ್ಲಿ ಹಂಡೆ ಒಲೆಯೇರಲಿಲ್ಲ. ಫೋನಿನಲ್ಲಿ ಕೇಳಿದೆ. "ಮನೇಲೇ ಮಾಡ್ಕೊಳ್ತೀವಿ ಸಾರ್. ನಾಲ್ಕು ಜನಕ್ಕೆ ಮಾಡಿದ್ರೆ ಆ ರುಚಿ ಎಲ್ಲಿ ಬರುತ್ತೆ?" ಎಂದರು. ರುಚಿಯ ಮಾತು ಹಾಗಿರಲಿ, ಅವರ ಬೀದಿಯಲ್ಲಿ ಒಂಟಿಯಾಗಿರುವ ಇಬ್ಬರು ಮುದುಕಿಯರಿಗೆ ವರ್ಷದಲ್ಲಿ ಆ ಒಂದು ತಿಂಗಳು ಮಾತ್ರ ರಾತ್ರಿಯ ಅಡುಗೆಯ ಚಿಂತೆ ಇರುವುದಿಲ್ಲವಂತೆ. ಆ ವರ್ಷ ಅವರ ಪಾಲು ಭಾಯ್ ಮನೆಯಿಂದಲೇ ಹೋಯಿತು, ಮೂವತ್ತು ದಿನವೂ.

ಈಗ ಹಂಡೆ ಮತ್ತೆ ಏರುತ್ತಿದೆ. ಒಂದು ಡಬ್ಬಿ ನಮ್ಮ ಮನೆಗೂ ಬರುತ್ತದೆ. ನನ್ನಾಕೆ ಅದಕ್ಕೆ ಮಿಡಿ ಉಪ್ಪಿನಕಾಯಿ ನಂಜಿಕೊಳ್ಳುತ್ತಾಳೆ. ಹಾಗೆ ತಿನ್ನಬಾರದಮ್ಮ, ಮಸಾಲೆವಡೆ ಇರಬೇಕು ಎಂದು ಭಾಯ್ ಪ್ರತಿ ವರ್ಷ ಹೇಳುತ್ತಾರೆ.